ಜಾರ್ಜ್ ಮೆಲಿಯೆಸ್ಸನ ಚಿತ್ರಗಳ ಅಳಿವು ಮತ್ತು ಉಳಿವು

ಕರ್ತೃವೇ ತನ್ನ ಕೃತಿಯನ್ನು ನಾಶಮಾಡಿದರೂ ಅದು ಉಳಿದು ಬರುವುದುಂಟು. ಮೂಲವು ಅಳಿದು ಪ್ರತಿಗಳಿಂದಲೇ ಬಾಳಿದ ಗ್ರಂಥಗಳನ್ನು ಬಲ್ಲವರಿಗೆ ಇದು ಹೊಸ ಮಾತಲ್ಲ. ಚಲಚ್ಚಿತ್ರದ ಚರಿತ್ರೆಯಲ್ಲಿ ಇದಕ್ಕೆ ಒಳ್ಳೆಯ ನಿದರ್ಶನವು ಫ್ರಾನ್ಸಿನ ಜಾರ್ಜ್ ಮೆಲಿಯೆಸ್ಸನ ಜೀವನದಲ್ಲಿ ದೊರೆಯುತ್ತದೆ.

ಪಾದರಕ್ಷೆಗಳ ಕಾರ್ಖಾನೆಯ ಒಡೆಯನ ಮಗನಾದ ಈತನು 1861ರಲ್ಲಿ ಪ್ಯಾರಿಸಿನಲ್ಲಿ ಜನಿಸಿದನು. 1888ರಲ್ಲಿ ಇಂದ್ರಜಾಲದ ರಂಗಮಂದಿರವೊಂದನ್ನು ಕೊಂಡು ತಾನೇ ನಡೆಸಿದನು. 1895ರ ಡಿಸೆಂಬರಿನಲ್ಲಿ ಲ್ಯೂಮಿಯೇರ್ ಸಹೋದರರ ಚಿತ್ರಪ್ರದರ್ಶನವನ್ನು ಕಂಡು ಆ ಯಂತ್ರವನ್ನು ಕ್ರಯಕ್ಕೆ ಕೇಳಿದನು, ದೊರೆಯಲಿಲ್ಲ. ಮರುವರ್ಷ ಲಂಡನ್ನಿನಿಂದ ಬೇರೊಂದು ಯಂತ್ರವನ್ನು ತರಿಸಿದನು. 1897ರಲ್ಲಿ ಮೋಂತ್ರೆಯ್ ಎಂಬಲ್ಲಿ ಗಾಜಿನ ಚಿತ್ರಶಾಲೆಯನ್ನು ಕಟ್ಟಿಸಿದನು. ಬಂಡವಾಳ, ಕಥಾಸಂಯೋಜನೆ, ನಿರ್ದೇಶನ, ನಟನೆ, ಪರದೆಗಳ ರಚನೆ ಎಲ್ಲವೂ ಬಹುಮಟ್ಟಿಗೆ ಆತನವೇ. 1902ರ ‘ಚಂದ್ರಲೋಕ ಯಾತ್ರೆ’ಯಿಂದ ಆತನ ಕೀರ್ತಿಯು ದೂರದೇಶಗಳಿಗೂ ಹಬ್ಬಿತು.

ಆಗ ಚಿತ್ರಗಳನ್ನು ಬಟ್ಟೆಯಂತೆ ಉದ್ದವನ್ನಳೆದು ಮಾರುತ್ತಿದ್ದರು. ಕೊಂಡವನೇ ಪ್ರತಿಗೆ ಒಡೆಯನು. ಅಮೆರಿಕದಲ್ಲಿ ಈತನ ಚಿತ್ರಗಳನ್ನು ಅನುಮತಿಯಿಲ್ಲದೆ ನಕಲುಮಾಡಿ ಮಾರಿದವರೂ ಉಂಟು. ಅದನ್ನು ತಡೆಯಲು 1903ರಲ್ಲಿ ಸೋದರನಾದ ಗ್ಯಾಸ್ಟನ್ ನ್ಯೂಯಾರ್ಕಿನಲ್ಲಿ ಶಾಖೆಯನ್ನು ತೆರೆದನು. ಗ್ರಂಥಸ್ವಾಮ್ಯಕ್ಕಾಗಿ ಕಾಗದದ ಮೇಲೆ ಅಚ್ಚುಮಾಡಿದ ಪ್ರತಿಗಳನ್ನು ವಾಷಿಂಗ್ಟನ್ನಿನಲ್ಲಿ ಒಪ್ಪಿಸಿದನು.

1909ರಲ್ಲಿ ಪ್ಯಾರಿಸಿನಲ್ಲಿ ನೆರೆದ ಚಿತ್ರತಯಾರಕರ ಸಮ್ಮೇಳನಕ್ಕೆ ಮೆಲಿಯೆಸ್ಸನೇ ಅಧ್ಯಕ್ಷನಾಗಿದ್ದನು. ಆ ಕಾಲದಲ್ಲಿ ಮಾರಾಟವು ಹಿಂದೆ ಸರಿದು ಬಾಡಿಗೆಯ ಪದ್ಧತಿ ಬೇರೂರಿತು. ಅದು ದೊಡ್ಡ ಸಂಸ್ಥೆಗಳಿಗೆ ಅನುಕೂಲವಾಯಿತೇ ಹೊರತು, ಕೈಕೆಲಸದಿಂದ ನಿಧಾನವಾಗಿ ಚಿತ್ರಗಳನ್ನು ಸಿದ್ಧಗೊಳಿಸುತ್ತಿದ್ದ ಈತನಿಗೆ ಅಲ್ಲ. 1911ರಲ್ಲಿ ಪಾಥೇ ಸಂಸ್ಥೆಯ ಹಣವನ್ನು ಆಶ್ರಯಿಸಿದನು. 1913ರ ಹೊತ್ತಿಗೆ ಚಿತ್ರನಿರ್ಮಾಣವೇ ನಿಂತಿತು. 1923ರಲ್ಲಿ ರಂಗಮಂದಿರವು ನೆಲಸಮವಾಯಿತು, ಮೋಂತ್ರೆಯ್‌ನ ಆಸ್ತಿಯೂ ಕೈಬಿಟ್ಟಿತು. ಸಂಗ್ರಹವನ್ನು ಇಡಲು ಸ್ಥಳವಿಲ್ಲದೆ ಆತನು ತನ್ನ ಮೂಲಪ್ರತಿಗಳನ್ನು ಸ್ವತಃ ಸುಟ್ಟುಹಾಕಿದನು. ಆಮೇಲೆ ಮೋಂಪರ್ನಾಸ್ ರೈಲುನಿಲ್ದಾಣದ ಆಟಿಕೆಯಂಗಡಿಯೇ ಜೀವನಾಧಾರವಾಯಿತು. 1938ರಲ್ಲಿ ಮೃತನಾದನು.

ಆತನ 500ಕ್ಕೂ ಹೆಚ್ಚು ಚಿತ್ರಗಳಲ್ಲಿ ಸುಮಾರು 200 ಇಂದು ದೊರೆಯುತ್ತವೆ. ಬಾಡಿಗೆಯ ಪ್ರತಿಯು ಒಡೆಯನಿಗೆ ಹಿಂದಿರುಗತಕ್ಕದ್ದು. ಮಾರಿದ ಪ್ರತಿಯು ಕೊಂಡವನಲ್ಲಿಯೇ ನಿಲ್ಲುತ್ತದೆ. ಆದುದರಿಂದ, ಒಡೆಯನ ಕೈಯಲ್ಲಿದ್ದುದು ಬೆಂಕಿಗೆ ಹೋದರೂ ಪರರ ಕೈ ಸೇರಿದುದು ಉಳಿಯಿತು. ಕೈಯಿಂದ ಬಣ್ಣ ಹಾಕಿದ ‘ಚಂದ್ರಲೋಕ ಯಾತ್ರೆ’ಯ ಪ್ರತಿಯೊಂದು 1993ರಲ್ಲಿ ಬಾರ್ಸಿಲೋನಾದಲ್ಲಿ ಬೆಳಕಿಗೆ ಬಂದು, ಜೀರ್ಣೋದ್ಧಾರಗೊಂಡು 2011ರಲ್ಲಿ ಕಾನ್ ನಗರದಲ್ಲಿ ಪ್ರದರ್ಶಿತವಾಯಿತು. ಆತನ ವ್ಯಾಪಾರವನ್ನು ಕಾಪಾಡಲಾರದ ಮಾರಾಟದ ಪದ್ಧತಿಯು ಆತನ ಕೃತಿಗಳನ್ನು ಕಾಪಾಡಿತು.