ಚುಕ್ಕಾಣಿ ಹಿಡಿ

ಆಡಳಿತದ ಹೊಣೆ ಹೊರು ಎಂಬರ್ಥದ ನುಡಿಗಟ್ಟು. ಚುಕ್ಕಾಣಿ ಎಂದರೆ ಹಡಗಿನ ಹಿಂಬದಿಯಲ್ಲಿದ್ದು ಅದರ ದಿಕ್ಕು ತಿರುಗಿಸುವ ಹಲಗೆ. ಮೂಲ ಅರಬ್ಬಿಯ ‘ಸುಕ್ಕಾನ್’. ಲಂಗರು, ಬಂದರು ಪಾರಸಿಯಿಂದ ಬಂದವು. ವಿಜಯನಗರದ ಕಾಲದಲ್ಲಿ ಅರಬ್ಬೀ ಕುದುರೆಗಳು ಬಂದಿಳಿಯುತ್ತಿದ್ದ ಭಟ್ಕಳದಂಥ ರೇವುಗಳು ಆ ನಾಡುಗಳೊಡನಿದ್ದ ಕಡಲ ನಂಟಿನ ಗುರುತು.

ಕಡಲಿಗೆ ದೂರವಾದ ಮಂಡ್ಯ ತಾಲ್ಲೂಕಿನ ದುದ್ದದಲ್ಲೂ ಪಂಚಾಯಿತಿಯ ಚುಕ್ಕಾಣಿ ಯಾರಿಗೆಂಬ ಮಾತು ಸಹಜವೇ. ಆದರೆ ಈ ಸೀಮೆಗೆ ಹೆಚ್ಚು ಹತ್ತಿರವಾದದ್ದು ಹೊಳೆಯ ಮಾತು. ಬಿದಿರು ಹೆಣೆದು ತೊಗಲು ಹೊದಿಸಿದ ಹರಿಗೋಲಿನಲ್ಲಿ ಕಾವೇರಿ ದಾಟಿದವರ ನಾಡಿದು. ಕಷ್ಟದಲ್ಲಿ ತೊರೆದವನು ‘ನಡುನೀರಲ್ಲಿ ಕೈಬಿಟ್ಟ’. ಕೆಲಸ ಮುಗಿಸಿಕೊಟ್ಟವನು ‘ದಡ ಮುಟ್ಟಿಸಿದ’. ಈ ಮಾತುಗಳಲ್ಲಿರುವ ಜೀವಭಯ ಚುಕ್ಕಾಣಿಯಲ್ಲಿಲ್ಲ. ಹೊಳೆ ದಾಟಿದ ಮೇಲೆ ಅಂಬಿಗನನ್ನು ಮರೆಯುವವರ ಬಗೆಗಿನ ಗಾದೆಯಂತೂ ನಾಡಿನಾದ್ಯಂತ ಇದೆ.