ವಂಗದೇಶದಲ್ಲಿ ನವೀನ ಭೌತಶಾಸ್ತ್ರದ ಗ್ರಂಥಗಳು

ಹೊಸದೊಂದು ಶಾಸ್ತ್ರವು ಒಂದು ದೇಶದಲ್ಲಿ ಬೇರೂರಿದ ಬಗೆಯನ್ನು ನಿರೂಪಿಸುವಾಗ ಚರಿತ್ರಕಾರರು ಸಾಮಾನ್ಯವಾಗಿ ಸಂಶೋಧನೆಗಳಿಗೆ ಮೊದಲ ಸ್ಥಾನವನ್ನೂ, ವಿದ್ಯಾರ್ಥಿಗಳಿಗಾಗಿಯೂ ಜಿಜ್ಞಾಸುಗಳಿಗಾಗಿಯೂ ಹುಟ್ಟಿದ ಪುಸ್ತಕಗಳಿಗೆ ಕಡೆಯ ಸ್ಥಾನವನ್ನೂ ಕೊಡುವುದು ವಾಡಿಕೆ. ಕೆರೆ ತುಂಬಿದ ಮೇಲೆ ಕೋಡಿ ಹರಿಯುವಂತೆ, ಜ್ಞಾನವು ಪಂಡಿತರಲ್ಲಿ ತುಂಬಿದ ತರುವಾಯ ಸಾಮಾನ್ಯರ ಕಡೆಗೆ ಹರಿಯುವುದೆಂಬ ಭಾವನೆಯೇ ಈ ಕ್ರಮಕ್ಕೆ ಆಧಾರ. ಈ ಭಾವನೆಯು ಎಲ್ಲೆಡೆಯೂ ನಿಲ್ಲತಕ್ಕದ್ದಲ್ಲವೆಂಬುದನ್ನು ವಂಗದೇಶದ ಒಂದು ನಿದರ್ಶನದಿಂದ ತೋರಿಸುವುದು ಪ್ರಕೃತ ಲೇಖನದ ಉದ್ದೇಶ. ಅಲ್ಲಿ ಅಧ್ಯಾಪನದ ಅಗತ್ಯವು ಗ್ರಂಥಕ್ಕೆ ಕಾರಣವಾಯಿತು. ಅದೇ ಅಗತ್ಯವು ಕೆಲವೇ ವರ್ಷಗಳಲ್ಲಿ ಸಂಶೋಧನೆಗೂ ದಾರಿಮಾಡಿತು.

ಕಲ್ಕತ್ತಾ ವಿಶ್ವವಿದ್ಯಾನಿಲಯದ ವಿಜ್ಞಾನ ಕಾಲೇಜು ಸರ್ ಆಶುತೋಷ ಮುಖರ್ಜಿಯವರ ಪ್ರಯತ್ನದಿಂದಲೂ, ತಾರಕನಾಥ ಪಾಲಿತ್ ಮತ್ತು ರಾಸಬಿಹಾರಿ ಘೋಷ್ ಇವರ ದಾನಗಳಿಂದಲೂ ೧೯೧೪ರಲ್ಲಿ ಸ್ಥಾಪಿತವಾಯಿತು. ೧೯೧೬ರಲ್ಲಿ ಮೇಘನಾದ ಸಾಹಾ ಮತ್ತು ಸತ್ಯೇಂದ್ರನಾಥ ಬೋಸ್ ಎಂಬ ಇಬ್ಬರು ತರುಣರು ಅಲ್ಲಿ ಅಧ್ಯಾಪಕರಾಗಿ ಸೇರಿದರು. ಇಬ್ಬರೂ ಮಿಶ್ರಗಣಿತವನ್ನು ವ್ಯಾಸಂಗಮಾಡಿ ೧೯೧೫ರ ಎಂ. ಎಸ್‌ಸಿ. ಪರೀಕ್ಷೆಯಲ್ಲಿ ತೇರ್ಗಡೆಯಾದವರು, ಬೋಸರದು ಮೊದಲನೆಯ ಸ್ಥಾನ, ಸಾಹಾ ಅವರದು ಎರಡನೆಯದು. ಗಣಿತವನ್ನು ಕಲಿತ ಇವರು ಭೌತಶಾಸ್ತ್ರವನ್ನು, ಅದರಲ್ಲಿಯೂ ಆಗತಾನೆ ರೂಪುಗೊಳ್ಳುತ್ತಿದ್ದ ನವೀನ ಭೌತಶಾಸ್ತ್ರವನ್ನು, ಬೋಧಿಸಬೇಕಾಗಿ ಬಂದಿತು. ಆ ಶಾಸ್ತ್ರದ ಮೂಲಲೇಖನಗಳಲ್ಲಿ ಪ್ರಮುಖವಾದ ಅನೇಕವು ಜರ್ಮನ್ ಭಾಷೆಯಲ್ಲಿದ್ದುವು. ಮೊದಲನೆಯ ಮಹಾಯುದ್ಧವು ನಡೆಯುತ್ತಿದ್ದುದರಿಂದ ಜರ್ಮನಿಯ ಪುಸ್ತಕಗಳೂ ಪತ್ರಿಕೆಗಳೂ ಭರತಖಂಡಕ್ಕೆ ಬರುವುದು ದುರ್ಲಭವಾಗಿತ್ತು. ಶಿಬಪುರದ ಇಂಜಿನಿಯರಿಂಗ್ ಕಾಲೇಜಿನಲ್ಲಿದ್ದ ಬ್ರೂಲ್ ಎಂಬ ವಿದ್ವಾಂಸರು ತಮ್ಮ ಸ್ವಂತ ಸಂಗ್ರಹದ ಜರ್ಮನ್ ಗ್ರಂಥಗಳನ್ನು ಎರವಲು ಕೊಟ್ಟು ಉಪಕರಿಸಿದರು. ಹೀಗೆ ಅಧ್ಯಾಪಕರು ತಾವೇ ಮೊದಲು ವಿದ್ಯಾರ್ಥಿಗಳಾಗಿ, ಭಾಷೆಯನ್ನೂ ಶಾಸ್ತ್ರವನ್ನೂ ಜೊತೆಜೊತೆಯಾಗಿ ಕಲಿತು, ಬಳಿಕ ತರಗತಿಗೆ ಹೋಗಬೇಕಾಯಿತು.

೧೯೧೯ನೆಯ ಇಸವಿ ಮೇ ೨೯ರ ಸೂರ್ಯಗ್ರಹಣದಲ್ಲಿ ಇಂಗ್ಲೆಂಡಿನ ವಿಜ್ಞಾನಿಗಳು ಮಾಡಿದ ವೀಕ್ಷಣೆಗಳ ಫಲಿತಾಂಶವು ಅದೇ ವರ್ಷದ ನವೆಂಬರ್ ೬ರಂದು ಲಂಡನ್ನಿನಲ್ಲಿ ಪ್ರಕಟವಾಯಿತು. ನಕ್ಷತ್ರಗಳ ಬೆಳಕು ಸೂರ್ಯನ ಸಮೀಪದಲ್ಲಿ ಬಾಗುವುದೆಂಬ ಐನ್‌ಸ್ಟೈನರ ಗಣನೆಯು ಸ್ಥಿರಪಟ್ಟಿತೆಂಬ ವಾರ್ತೆ ಲೋಕವನ್ನೆಲ್ಲ ವ್ಯಾಪಿಸಿತು. ಸಾಪೇಕ್ಷತಾವಾದದ ಹೆಸರು ಎಲ್ಲರ ಬಾಯಲ್ಲಿಯೂ ಬಂದರೂ, ಜರ್ಮನ್ ಬಾರದವರಿಗೆ ಅದರ ಮೂಲಲೇಖನಗಳು ಅಗಮ್ಯವಾಗಿಯೇ ಉಳಿದುವು. ಈ ಸಂದರ್ಭದಲ್ಲಿ, ೧೯೨೦ರಲ್ಲಿ, ಕಲ್ಕತ್ತಾ ವಿಶ್ವವಿದ್ಯಾನಿಲಯವು ಐನ್‌ಸ್ಟೈನ್ ಮತ್ತು ಮಿಂಕೋವ್ಸ್ಕಿಯವರ ಮೂಲಪ್ರಬಂಧಗಳ ಇಂಗ್ಲೀಷು ಅನುವಾದವನ್ನು ಪ್ರಕಟಿಸಿತು. ಐನ್‌ಸ್ಟೈನರ ೧೯೦೫ರ ಪ್ರಬಂಧವನ್ನು ಸಾಹಾ ಅವರೂ, ಸಾಮಾನ್ಯ ಸಾಪೇಕ್ಷತಾವಾದವನ್ನು ಪ್ರತಿಪಾದಿಸುವ ೧೯೧೬ರ ಪ್ರಬಂಧವನ್ನು ಬೋಸರೂ ಅನುವಾದಿಸಿದ್ದರು. ಮುಂದೆ ಸಂಖ್ಯಾಶಾಸ್ತ್ರದಲ್ಲಿ ಪ್ರಸಿದ್ಧರಾದ ಪ್ರಶಾಂತಚಂದ್ರ ಮಹಾಲನೋಬಿಸರು ಐತಿಹಾಸಿಕ ಪೀಠಿಕೆಯನ್ನು ಬರೆದರು. ಇಂಗ್ಲೆಂಡಿನಲ್ಲಿ ಪೆರೆಟ್ ಮತ್ತು ಜೆಫರಿ ಇವರ ಅನುವಾದಸಂಗ್ರಹವು ಹೊರಬಂದುದು ೧೯೨೩ರಲ್ಲಿ ಎಂಬುದನ್ನು ನೆನೆದರೆ, ಕಲ್ಕತ್ತೆಯ ಗ್ರಂಥವು ಎಷ್ಟು ಮುಂದಾಗಿ ಬಂದಿತೆಂಬುದು ವೇದ್ಯವಾಗುತ್ತದೆ. ಆಗ ಭಾಷಾಂತರಕಾರರ ವಯಸ್ಸು ಇಪ್ಪತ್ತಾರು ಇಪ್ಪತ್ತೇಳನ್ನು ಮೀರಿರಲಿಲ್ಲ.

ಈ ಗ್ರಂಥದ ರಚನಾಕ್ರಮವು ಗಮನಾರ್ಹವಾದುದು. ಮೂಲವನ್ನು ಸುಲಭಗೊಳಿಸುವ ನೆಪದಿಂದ ಗಣಿತವನ್ನು ಬಿಟ್ಟುಬಿಡಲಿಲ್ಲ. ಹಾಗೆಂದು ಓದುಗನನ್ನು ಸಮೀಕರಣಗಳ ನಡುವೆ ಕೈಬಿಡಲೂ ಇಲ್ಲ. ಬೆಳಕಿಗೆ ಮಾಧ್ಯಮವೆಂದು ಕಲ್ಪಿತವಾಗಿದ್ದ ಈಥರನ್ನು ಕುರಿತ ಪ್ರಯೋಗಗಳನ್ನೂ ಅವುಗಳಿಂದ ಉದ್ಭವಿಸಿದ ಸಂಕಟಗಳನ್ನೂ ಪೀಠಿಕೆಯು ಮೊದಲು ತಿಳಿಸುತ್ತದೆ. ಪ್ರಶ್ನೆಯು ಹುಟ್ಟಿದ ಬಗೆಯನ್ನು ಅರಿತ ಮೇಲೆ ಉತ್ತರವನ್ನು ಓದುವ ಈ ಕ್ರಮವು, ಕಾವ್ಯಪಾಠಕ್ಕೆ ಮುನ್ನ ಕವಿಯ ಕಾಲದೇಶಗಳನ್ನು ವಿವರಿಸುವ ಅಧ್ಯಾಪಕರಿಗೆ ಅಪರಿಚಿತವಲ್ಲ.

ಬೋಸರು ೧೯೨೧ರಲ್ಲಿ ಹೊಸದಾಗಿ ಪ್ರಾರಂಭವಾದ ಢಾಕಾ ವಿಶ್ವವಿದ್ಯಾನಿಲಯಕ್ಕೆ ತೆರಳಿದರು. ಅಲ್ಲಿ ಅವರು ಪಾಠ ಹೇಳಬೇಕಾಗಿದ್ದ ವಿಷಯಗಳಲ್ಲಿ ಪ್ಲಾಂಕರ ನಿಯಮವೂ ಒಂದು. ಕಾದ ವಸ್ತುವಿನ ವಿಕಿರಣವು ಬೇರೆ ಬೇರೆ ಕಂಪನಸಂಖ್ಯೆಗಳಲ್ಲಿ ಹಂಚಿಹೋಗುವ ಪ್ರಮಾಣವನ್ನು ಮ್ಯಾಕ್ಸ್ ಪ್ಲಾಂಕರು ೧೯೦೦ರಲ್ಲಿ ಒಂದು ಸೂತ್ರದಿಂದ ತಿಳಿಸಿದ್ದರು. ಸೂತ್ರವು ಪ್ರಯೋಗಗಳಿಗೆ ಸರಿಹೊಂದುತ್ತಿತ್ತು. ಆದರೆ ಅದನ್ನು ಸಾಧಿಸುವಾಗ ಒಂದು ಭಾಗವನ್ನು ಬೆಳಕಿನ ಹಳೆಯ ತರಂಗವಾದದಿಂದ ತೆಗೆದುಕೊಂಡು, ಮತ್ತೊಂದು ಭಾಗವನ್ನು ಶಕ್ತಿಯು ಬಿಡಿಬಿಡಿಯಾದ ಪ್ರಮಾಣಗಳಲ್ಲಿರುವುದೆಂಬ ಹೊಸವಾದದಿಂದ ತರಬೇಕಾಗಿತ್ತು. ಪರಸ್ಪರ ವಿರುದ್ಧವಾದ ಎರಡು ವಾದಗಳನ್ನು ಒಂದೇ ಸಾಧನೆಯಲ್ಲಿ ಬೆಸೆಯುವುದನ್ನು ಪಂಡಿತರು ಹೇಗೋ ಸಹಿಸಿಕೊಂಡಿದ್ದರು. ಕರಿಹಲಗೆಯ ಮುಂದೆ ನಿಂತು ವಿದ್ಯಾರ್ಥಿಗಳಿಗೆ ಸ್ಪಷ್ಟವಾಗಿ ತಿಳಿಯಹೇಳಬೇಕಾಗಿದ್ದ ಅಧ್ಯಾಪಕರಿಗೆ ಅದು ಸಹ್ಯವಾಗಲಿಲ್ಲ. ಬೋಸರು ತರಂಗವಾದದ ನೆರವನ್ನು ತೊರೆದು, ವಿಕಿರಣವನ್ನು ಬೆಳಕಿನ ಕಣಗಳ ಸಮೂಹವೆಂದು ಗ್ರಹಿಸಿ, ಒಂದನ್ನೊಂದರಿಂದ ಬೇರೆಯೆಂದು ಗುರುತಿಸಲಾಗದ ಆ ಕಣಗಳನ್ನು ಎಣಿಸುವ ಹೊಸ ಕ್ರಮದಿಂದಲೇ ಪ್ಲಾಂಕರ ಸೂತ್ರವನ್ನು ಸಾಧಿಸಿದರು.

೧೯೨೪ರ ಜೂನ್ ತಿಂಗಳಿನಲ್ಲಿ ಬೋಸರು ಈ ಪ್ರಬಂಧವನ್ನು ಐನ್‌ಸ್ಟೈನರಿಗೆ ಕಳುಹಿಸಿದರು. ಜೊತೆಯ ಪತ್ರದಲ್ಲಿ ಅವರು ಸಾಪೇಕ್ಷತಾವಾದದ ಪ್ರಬಂಧವನ್ನು ಹಿಂದೆ ಅನುವಾದಿಸಿದವರು ತಾವೇ ಎಂದು ನೆನಪಿಸಿದ್ದರು. ಐನ್‌ಸ್ಟೈನರು ಸ್ವತಃ ಅದನ್ನು ಜರ್ಮನ್ ಭಾಷೆಗೆ ತಿರುಗಿಸಿ, ಮೆಚ್ಚಿಕೆಯ ಟಿಪ್ಪಣಿಯನ್ನು ಸೇರಿಸಿ, ಜರ್ಮನಿಯ ಭೌತಶಾಸ್ತ್ರ ಪತ್ರಿಕೆಯೊಂದರಲ್ಲಿ ಪ್ರಕಟಗೊಳಿಸಿದರು. ತನ್ನ ಭಾಷಾಂತರಕಾರನ ಪ್ರಬಂಧಕ್ಕೆ ಮೂಲಕರ್ತನೇ ಭಾಷಾಂತರಕಾರನಾದ ಈ ಪ್ರಸಂಗವು ವಿದ್ಯೆಯ ಇತಿಹಾಸದಲ್ಲಿ ಅಪೂರ್ವವಾದುದು. ಆ ಎಣಿಕೆಯ ಕ್ರಮವನ್ನು ಅನುಸರಿಸುವ ಕಣಗಳಿಗೆ ಮುಂದೆ ಬೋಸರ ಹೆಸರಿನಿಂದ ಬೋಸಾನ್ ಎಂಬ ಸಂಜ್ಞೆಯು ರೂಢವಾಯಿತು.

ಇಲ್ಲಿ ಒಂದು ಆಕ್ಷೇಪವು ಏಳಬಹುದು. ಅನುವಾದವು ಸಾಪೇಕ್ಷತಾವಾದಕ್ಕೆ ಸಂಬಂಧಿಸಿದ್ದು, ಸಂಶೋಧನೆಯು ವಿಕಿರಣಕ್ಕೆ ಸಂಬಂಧಿಸಿದ್ದು. ಒಂದರಿಂದ ಮತ್ತೊಂದು ಹುಟ್ಟಿತೆನ್ನುವುದು ಹೇಗೆ? ಆಕ್ಷೇಪವು ಯುಕ್ತವೇ. ಅನುವಾದವೇ ಸಂಶೋಧನೆಗೆ ನೇರವಾದ ಕಾರಣವೆಂದು ನಾವು ಹೇಳುತ್ತಿಲ್ಲ. ಎರಡಕ್ಕೂ ಮೂಲವಾದುದು ಅರ್ಥವಾಗದುದನ್ನು ಅರ್ಥವಾಯಿತೆಂದು ದಾಟಿಹೋಗಲು ಬಿಡದಂಥ ಅಧ್ಯಾಪಕನ ಹೊಣೆ. ಭಾಷಾಂತರಕಾರನು ಒಂದು ವಾಕ್ಯವನ್ನೂ ಹಾರಿಸುವಂತಿಲ್ಲ. ಬೋಧಕನು ಒಂದು ಹೆಜ್ಜೆಯನ್ನೂ ಮರೆಮಾಡುವಂತಿಲ್ಲ. ಈ ಎರಡು ನಿರ್ಬಂಧಗಳಲ್ಲಿಯೂ ಬೋಸರ ಬುದ್ಧಿಯು ಪಳಗಿತ್ತೆಂಬುದಷ್ಟೇ ನಮ್ಮ ಅಭಿಪ್ರಾಯ.

ಇದುವರೆಗೆ ಹೇಳಿದುದು ಇಂಗ್ಲೀಷು ಬಲ್ಲವರ ವಿಚಾರ. ದೇಶಭಾಷೆಯ ಓದುಗರಿಗೆ ನವೀನ ಭೌತಶಾಸ್ತ್ರವನ್ನು ಮುಟ್ಟಿಸುವ ಕಾರ್ಯದಲ್ಲಿ ಕೈಯಿಟ್ಟವರಲ್ಲಿ ರವೀಂದ್ರನಾಥ ಠಾಕೂರರೂ ಒಬ್ಬರು. ಪರಮಾಣುಲೋಕ, ನಕ್ಷತ್ರಲೋಕ, ಸೌರಜಗತ್ತು, ಗ್ರಹಲೋಕ, ಭೂಲೋಕಗಳನ್ನು ಕ್ರಮವಾಗಿ ವರ್ಣಿಸುವ ಅವರ ‘ವಿಶ್ವಪರಿಚಯ’ವು ೧೯೩೭ರಲ್ಲಿ ಪ್ರಕಟವಾಯಿತು. ಅದನ್ನು ಮೊದಲು ಬರೆಯಲು ತೊಡಗಿದವರು ಬೋಸರ ಶಿಷ್ಯರಾಗಿದ್ದು ಶಾಂತಿನಿಕೇತನದಲ್ಲಿ ಅಧ್ಯಾಪಕರಾಗಿದ್ದ ಪ್ರಮಥನಾಥ ಸೇನಗುಪ್ತರು. ಕಡೆಗೆ ಕವಿಗಳೇ ಅದನ್ನು ತಮ್ಮ ಕೃತಿಯಾಗಿ ರಚಿಸಿ ಬೋಸರಿಗೆ ಅರ್ಪಿಸಿದರು. ಆಗ ಅವರ ವಯಸ್ಸು ಎಪ್ಪತ್ತಾರು. ಪಾರಿಭಾಷಿಕ ಶಬ್ದಗಳ ಆವಶ್ಯಕತೆಯನ್ನು ಅವರು ಒಪ್ಪಿದ್ದರೂ, ಎಳೆಯ ಓದುಗನ ಮೇಲೆ ಅವನ್ನು ಮೊದಲಿನಲ್ಲಿಯೇ ಹೇರಬಾರದೆಂದು ಅವರ ಮತ.

ಈ ಪರಂಪರೆಯು ೧೯೪೮ರಲ್ಲಿ ಸಂಸ್ಥೆಯ ರೂಪವನ್ನು ತಾಳಿತು. ಆ ವರ್ಷ ಬೋಸರ ನೇತೃತ್ವದಲ್ಲಿ ಕಲ್ಕತ್ತೆಯಲ್ಲಿ ವಂಗೀಯ ವಿಜ್ಞಾನ ಪರಿಷತ್ತು ಸ್ಥಾಪಿತವಾಗಿ, ‘ಜ್ಞಾನ ಓ ವಿಜ್ಞಾನ’ ಎಂಬ ಬಂಗಾಳಿ ಮಾಸಪತ್ರಿಕೆಯು ಹೊರಟಿತು. ಲೋಕವಿಖ್ಯಾತರಾದ ಸಂಶೋಧಕರೊಬ್ಬರು ತಮ್ಮ ಐವತ್ತನಾಲ್ಕನೆಯ ವಯಸ್ಸಿನಲ್ಲಿ ಸಾಮಾನ್ಯ ಓದುಗರಿಗಾಗಿ ಪತ್ರಿಕೆಯನ್ನು ನಡೆಸಲು ಹೊರಟುದು ಅವರ ಮನೋಧರ್ಮಕ್ಕೆ ಸಾಕ್ಷಿ.

ಕನ್ನಡನಾಡಿಗೂ ಈ ಮನೋಧರ್ಮವು ಹೊಸದಲ್ಲ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಭೌತಶಾಸ್ತ್ರವನ್ನು ಬೋಧಿಸುತ್ತಿದ್ದ ಬೆಳ್ಳಾವೆ ವೆಂಕಟನಾರಣಪ್ಪನವರು ನಂಗಪುರಂ ವೆಂಕಟೇಶ ಅಯ್ಯಂಗಾರ್ಯರೊಡಗೂಡಿ ‘ವಿಜ್ಞಾನ’ವೆಂಬ ಪತ್ರಿಕೆಯನ್ನು ನಡೆಸಿದುದು, ಕಲ್ಕತ್ತೆಯಲ್ಲಿ ಸಾಹಾ ಮತ್ತು ಬೋಸರು ಜರ್ಮನ್ ಕಲಿಯುತ್ತಿದ್ದ ಆ ದಶಕದಲ್ಲಿಯೇ. ಪಂಪಭಾರತವನ್ನು ಸಂಪಾದಿಸಿದವರೂ ಅದೇ ವೆಂಕಟನಾರಣಪ್ಪನವರು. ಪ್ರಾಚೀನ ಗ್ರಂಥದ ಶುದ್ಧಪಾಠವನ್ನು ನಿರ್ಣಯಿಸುವುದೂ, ನವೀನ ಶಾಸ್ತ್ರವನ್ನು ತಿಳಿಯಾದ ಕನ್ನಡದಲ್ಲಿ ಹೇಳುವುದೂ ಅವರ ದೃಷ್ಟಿಯಲ್ಲಿ ಒಂದೇ ವಿದ್ಯಾವ್ರತದ ಎರಡು ಅಂಗಗಳಾಗಿದ್ದುವೆಂದು ತೋರುತ್ತದೆ.

ಆದಕಾರಣ ಪಠ್ಯಪುಸ್ತಕ, ಅನುವಾದ, ಜನಪ್ರಿಯಗ್ರಂಥ ಇವುಗಳನ್ನು ವಿದ್ವತ್ತಿನ ಕೆಳಗಣ ಮೆಟ್ಟಿಲೆಂದು ಎಣಿಸಿ, ಅವನ್ನು ರಚಿಸಿದವರಿಗೆ ಸಲ್ಲಬೇಕಾದ ಗೌರವವನ್ನು ಕಡಮೆಮಾಡುವುದು ಉಚಿತವಲ್ಲ. ವಂಗದೇಶದ ನಿದರ್ಶನದಿಂದ ಸಿದ್ಧವಾಗುವುದು ಇಷ್ಟು: ವಿದ್ಯಾರ್ಥಿಗೆ ತಿಳಿಯುವಂತೆ ಹೇಳಬೇಕೆಂಬ ನಿಶ್ಚಯವು ಶಾಸ್ತ್ರವನ್ನು ಹರಡುವುದಲ್ಲದೆ, ಆ ಶಾಸ್ತ್ರದಲ್ಲಿಯೇ ಅಡಗಿರುವ ಬಿರುಕನ್ನು ತೋರಿಸಿಕೊಡಲೂ ಶಕ್ತವಾಗಿದೆ.