ಆರ್ಟಿಮಿಸಿನಿನ್

ಮಲೇರಿಯಾ ಚಿಕಿತ್ಸೆಯಲ್ಲಿ ಇಂದು ಮುಖ್ಯವಾಗಿ ಬಳಕೆಯಲ್ಲಿರುವ ಔಷಧ. ಚೀನೀ ವೈದ್ಯದ ‘ಚಿಂಗ್‌ಹಾವ್’ ಮೂಲಿಕೆಯಿಂದ ಇದನ್ನು ಪಡೆದ ತಂಡದ ಮುಖ್ಯಸ್ಥೆ, ನಿಂಗ್ಬೊ ನಗರದಲ್ಲಿ 1930ರಲ್ಲಿ ಹುಟ್ಟಿದ ಟು ಯೂಯೂ.

ಶೋಧದ ಹಿಂದೆ ಇದ್ದದ್ದು ಯುದ್ಧ. ವಿಯೆಟ್ನಾಂ ಕಾಡುಗಳಲ್ಲಿ ಸೈನಿಕರು ಮಲೇರಿಯಾದಿಂದ ನರಳುತ್ತಿದ್ದರು. ರೋಗಾಣು ಆಗಿನ ಮದ್ದಾದ ಕ್ಲೋರೋಕ್ವಿನ್‌ಗೆ ಬಗ್ಗುತ್ತಿರಲಿಲ್ಲ. ಉತ್ತರ ವಿಯೆಟ್ನಾಂ ನೆರವು ಕೋರಿದ ಮೇಲೆ ಚೀನಾ 1967ರ ಮೇ 23ರಂದು ಗುಪ್ತ ಯೋಜನೆಯೊಂದನ್ನು ಹಮ್ಮಿಕೊಂಡಿತು. ದಿನಾಂಕದಿಂದಲೇ ಅದಕ್ಕೆ ‘523’ ಎಂಬ ಹೆಸರು. ಸಾಂಸ್ಕೃತಿಕ ಕ್ರಾಂತಿಯ ಹಾವಳಿಯಲ್ಲಿ ಹಿರಿಯ ವಿಜ್ಞಾನಿಗಳು ಮೂಲೆಗುಂಪಾಗಿದ್ದ ಕಾಲ. 1969ರಲ್ಲಿ ಬೀಜಿಂಗ್ ತಂಡದ ಹೊಣೆ, ಡಾಕ್ಟರೇಟ್ ಇಲ್ಲದ ಟು ಅವರ ಹೆಗಲಿಗೆ ಬಿತ್ತು.

ಹಳೆಯ ಗ್ರಂಥಗಳನ್ನು ಜಾಲಾಡಿ, ವೈದ್ಯರನ್ನು ವಿಚಾರಿಸಿ ಅವರು 640 ಔಷಧಯೋಗಗಳ ಪುಸ್ತಿಕೆ ಸಿದ್ಧಪಡಿಸಿದರು. ಚಿಂಗ್‌ಹಾವ್ ಮೊದಲು ಭರವಸೆ ಹುಟ್ಟಿಸಿ, ಮರುಪರೀಕ್ಷೆಯಲ್ಲಿ ಕೈಕೊಟ್ಟಿತು. ನಾಲ್ಕನೆಯ ಶತಮಾನದ ಗೆ ಹಾಂಗ್ ತನ್ನ ವೈದ್ಯಗ್ರಂಥದಲ್ಲಿ ಹೇಳಿದ್ದು ಬೇರೆಯೇ ಕ್ರಮ: ಒಂದು ಹಿಡಿ ಸೊಪ್ಪನ್ನು ನೀರಿನಲ್ಲಿ ನೆನೆಸಿ, ಹಿಂಡಿ, ರಸ ಕುಡಿಯಬೇಕು. ಕುದಿಸುವ ಮಾತೇ ಇಲ್ಲ. ಕಾಯಿಸಿದರೆ ಗುಣ ಕೆಡುತ್ತಿರಬಹುದೆಂದು ಊಹಿಸಿದ ಟು, ಸುಮಾರು 35 ಡಿಗ್ರಿ ಸೆಲ್ಸಿಯಸ್‌ನಲ್ಲೇ ಕುದಿಯುವ ಈಥರ್ ಬಳಸಿ ಸಾರ ತೆಗೆದರು. ಅದರ ಆಮ್ಲೀಯ ಭಾಗವನ್ನು ಬೇರ್ಪಡಿಸಿ ತೆಗೆದುಹಾಕಿದರು. 1971ರ ಅಕ್ಟೋಬರ್ 4ರಂದು 191ನೆಯ ಮಾದರಿ ಇಲಿಗಳಲ್ಲಿ ಶೇ 100 ಗುಣ ತೋರಿತು. ಗ್ರಂಥದಲ್ಲಿ ಸಿಕ್ಕಿದ್ದು ಸುಳಿವು ಮಾತ್ರ; ಔಷಧ ದಕ್ಕಿದ್ದು ಪ್ರಯೋಗಾಲಯದಲ್ಲಿ.

ಕಾರ್ಖಾನೆಗಳು ಮುಚ್ಚಿದ್ದರಿಂದ ಮನೆಬಳಕೆಯ ನೀರಿನ ಹಂಡೆಗಳಲ್ಲೇ ಸೊಪ್ಪು ನೆನೆಯುತ್ತಿತ್ತು. ಗಾಳಿಯಾಡದ ಕೋಣೆಯ ಈಥರ್ ಹಬೆಗೆ ಕೆಲವರ ಆರೋಗ್ಯ ಕೆಟ್ಟಿತು. 1972ರಲ್ಲಿ ಟು ಮತ್ತು ಇಬ್ಬರು ಸಹೋದ್ಯೋಗಿಗಳು ಮೊದಲು ತಾವೇ ಸಾರ ಸೇವಿಸಿ ನೋಡಿದರು. ಬಳಿಕ ಹೈನಾನ್ ದ್ವೀಪದ ರೋಗಿಗಳಿಗೆ ಕೊಟ್ಟರು. ಅದೇ ವರ್ಷದ ನವೆಂಬರ್‌ನಲ್ಲಿ ಆರ್ಟಿಮಿಸಿನಿನ್‌ನ ಶುದ್ಧ ಹರಳು ದೊರೆಯಿತು.

ಈ ಅಣುವಿನಲ್ಲಿ ಎರಡು ಆಮ್ಲಜನಕ ಪರಮಾಣುಗಳ ಪೆರಾಕ್ಸೈಡ್ ಸೇತುವೆಯಿದೆ. ಕೆಂಪು ರಕ್ತಕಣದೊಳಗೆ ಹಿಮೋಗ್ಲೋಬಿನ್ ಅರಗಿಸಿಕೊಳ್ಳುವ ಪರಾವಲಂಬಿಯಲ್ಲಿ ಬಿಡುಗಡೆಯಾಗುವ ಕಬ್ಬಿಣ ತಾಗಿದಾಗ ಅದು ಒಡೆದು, ಪರಾವಲಂಬಿಯ ಪ್ರೋಟೀನುಗಳನ್ನೇ ಹಾಳುಮಾಡುತ್ತದೆ. ಇದೊಂದನ್ನೇ ಕೊಟ್ಟರೆ ಪ್ರತಿರೋಧ ಬೆಳೆಯುವ ಭಯವಿರುವುದರಿಂದ ವಿಶ್ವ ಆರೋಗ್ಯ ಸಂಸ್ಥೆ 2006ರಲ್ಲಿ ಸಂಯುಕ್ತ ಚಿಕಿತ್ಸೆಗೆ ಒತ್ತುಕೊಟ್ಟಿತು. ಆದರೂ ಪಶ್ಚಿಮ ಕಾಂಬೋಡಿಯಾದಲ್ಲಿ ಪ್ರತಿರೋಧ ತಲೆಯೆತ್ತಿತು.

ಅಣುವಿನ ರಚನೆ ಕುರಿತ 1977ರ ಲೇಖನದಲ್ಲಿ ವ್ಯಕ್ತಿಗಳ ಹೆಸರೇ ಇರಲಿಲ್ಲ. 2011ರಲ್ಲಿ ಲಾಸ್ಕರ್ ಪ್ರಶಸ್ತಿ, 2015ರಲ್ಲಿ ನೊಬೆಲ್‌ನ ಅರ್ಧಪಾಲು ಟು ಅವರಿಗೆ ಸಂದಾಗ ಚೀನಾದಲ್ಲೇ ಆಕ್ಷೇಪಗಳೆದ್ದವು. ಅವನ್ನು ಹೊಟ್ಟೆಕಿಚ್ಚೆಂದು ತಳ್ಳಿಹಾಕುವಂತಿಲ್ಲ: ಯುನ್ನಾನ್ ಮತ್ತು ಶಾಂಡೊಂಗ್ ತಂಡಗಳೂ ಈ ಹರಳನ್ನು ತೆಗೆದಿದ್ದವು, ವೈದ್ಯ ಲಿ ಗುವೊಚಿಯಾವ್ 1974ರಲ್ಲಿ ರೋಗಿಗಳ ಮೇಲೆ ನಡೆಸಿದ ಪರೀಕ್ಷೆಗೆ ಬಳಕೆಯಾದದ್ದು ಯುನ್ನಾನ್‌ನ ಮದ್ದು.